ದೈವಾವೇಶವೂ ಚಲಚ್ಚಿತ್ರವೂ

ಜನಪದದ ದೈವಗಳನ್ನು ಚಿತ್ರಿಸುವವರ ಹೊಣೆ ಎಂತಹುದೆಂಬುದನ್ನು ಫ್ರೆಂಚ್ ಸಾಕ್ಷ್ಯಚಿತ್ರಕಾರ ಝಾನ್ ರೂಶ್ ಅವರು 1955ರಲ್ಲಿ ಹೊರತಂದ 'ಲೆ ಮೆತ್ರ್ ಫೂ' (ಹುಚ್ಚು ಒಡೆಯರು) ಎಂಬ ಚಿತ್ರದಿಂದ ತಿಳಿಯಬಹುದು.

ಇಂದಿನ ಘಾನಾ ಆಗ ಗೋಲ್ಡ್ ಕೋಸ್ಟ್ ಎಂಬ ಹೆಸರಿನಿಂದ ಬ್ರಿಟಿಷರ ಅಧೀನದಲ್ಲಿದ್ದಿತು. ನೈಜರ್ ಸೀಮೆಯಿಂದ ಅದರ ರಾಜಧಾನಿಯಾದ ಆಕ್ರಾ ನಗರಕ್ಕೆ ಕೂಲಿಗಾಗಿ ಬಂದವರಲ್ಲಿ 'ಹೌಕಾ' ಎಂಬ ಪಂಥವಿದ್ದಿತು. ಅವರ ಮೈಮೇಲೆ ಬರುತ್ತಿದ್ದ ದೈವಗಳು ಯಾರು? ಗವರ್ನರ್, ಸೇನಾಪತಿ, ರೈಲುಗಾಡಿಯ ಚಾಲಕ! ಗವರ್ನರನ ಪ್ರತಿಮೆಯ ತಲೆಯ ಮೇಲೆ ಒಡೆದ ಕೋಳಿಮೊಟ್ಟೆಯು ಆತನ ಟೋಪಿಯ ಗರಿಗಳ ಅಣಕವಾಗಿದ್ದಿತು. ಮರುದಿನ ಅದೇ ಜನರು ಶಾಂತರಾಗಿ ಕೆಲಸದಲ್ಲಿರುವುದನ್ನೂ ಚಿತ್ರವು ತೋರಿಸುತ್ತದೆ. ಪುರಾತನ ನಂಬಿಕೆಯು ಆಧುನಿಕ ನಗರದಲ್ಲಿ ಅಳಿಯದೆ, ಆಳುವವರನ್ನೇ ತನ್ನೊಳಗೆ ಅರಗಿಸಿಕೊಂಡಿದ್ದಿತು.

ಬ್ರಿಟಿಷ್ ಅಧಿಕಾರಿಗಳು ಅಲ್ಲಿ ಈ ಚಿತ್ರವನ್ನು ನಿಷೇಧಿಸಿದುದು ಆಶ್ಚರ್ಯವಲ್ಲ. ಆದರೆ ಆಫ್ರಿಕದ ವಿದ್ಯಾವಂತರೂ ಅದನ್ನು ಖಂಡಿಸಿದರು. ನೊರೆ ಸುರಿಸುವ ಬಾಯಿಗಳನ್ನೂ ನಾಯಿಯ ಬಲಿಯನ್ನೂ ಕಂಡ ಪರದೇಶದ ಪ್ರೇಕ್ಷಕನು ತಮ್ಮನ್ನು ಅನಾಗರಿಕರೆಂದೇ ಎಣಿಸುವನೆಂಬುದು ಅವರ ಆಕ್ಷೇಪ. ಅದು ಸಾಧುವೆಂದೇ ನಮ್ಮ ಅಭಿಪ್ರಾಯ. ಚಿತ್ರಿಸಬೇಕೆಂದು ಹೌಕಾ ಅರ್ಚಕರೇ ಕೇಳಿದ್ದರೂ, ಅವರ ಉದ್ದೇಶವೊಂದು, ಪ್ಯಾರಿಸಿನ ನೋಟಕರು ಕಂಡುದಿನ್ನೊಂದು. ಚಿತ್ರಿಸಿದುದನ್ನು ಚಿತ್ರಿತರಿಗೇ ತೋರಿಸಿ, ಅವರ ಮಾತನ್ನು ಕೇಳುವ ಪದ್ಧತಿಯನ್ನು ರೂಶ್ ಅವರು ಬೆಳೆಸಿದುದು ಶ್ಲಾಘ್ಯ.

ನಮ್ಮ ತುಳುನಾಡಿನ ಭೂತಕೋಲದ ಅಂಗಳದಲ್ಲಿಯೂ ಈಗ ಕ್ಯಾಮೆರಾಗಳು ನಿಂತಿವೆ. ದೈವದ ನುಡಿಯನ್ನೂ ಅದು ತೀರಿಸುವ ನ್ಯಾಯವನ್ನೂ ಬಿಟ್ಟು, ಆವೇಶವನ್ನು ಮಾತ್ರ ಹಿಡಿದರೆ ಉಳಿಯುವುದು ಬರಿಯ ತಮಾಷೆ. ಚಿತ್ರವನ್ನು ಮೊದಲು ಊರವರ ಮುಂದಿಟ್ಟು, ಅವರ ಒಪ್ಪಿಗೆ ಪಡೆದು, ಬಳಿಕ ಲೋಕಕ್ಕೆ ತೋರಿಸುವುದೇ ಯುಕ್ತವೆಂದು ನಾವು ಭಾವಿಸುತ್ತೇವೆ.