ಯಾರ ಕೈ, ಯಾರ ಗುರುತು?

ವೇಷಧಾರಿಯನ್ನು ಗುರುತಿಸುವುದು ಕಷ್ಟವೆಂಬುದನ್ನು ಎಲ್ಲರೂ ಬಲ್ಲರು. ಆದರೆ ವೇಷವನ್ನೇ ಧರಿಸದವನು ತನ್ನನ್ನು ತಾನು ಗುರುತಿಸಲಾರದೆ ಹೋದರೆ? ಇಟಲಿಯ ಟ್ಯೂರಿನ್ ನಗರದ ಕರೋನಾ ಫಿಲ್ಮ್ ಸಂಸ್ಥೆ 1915ರಲ್ಲಿ ತಯಾರಿಸಿದ ‘ಫಿಲಿಬಸ್’ ಎಂಬ ಮೂಕಚಿತ್ರದ ಸ್ವಾರಸ್ಯವೆಲ್ಲ ಈ ಎರಡನೆಯ ಪ್ರಶ್ನೆಯಲ್ಲಿದೆ. ಇದರ ನಿರ್ದೇಶಕ ಮಾರಿಯೋ ರೊಂಕೊರೋನಿ. ಕಥೆ ಜೊವಾನ್ನಿ ಬೆರ್ತಿನೆತ್ತಿಯದು.

ಫಿಲಿಬಸ್ ಆಕಾಶಮಾರ್ಗದ ದರೋಡೆಗಾರ್ತಿ. ಮೋಡಗಳ ನಡುವೆ ಅವಳ ವಾಯುನೌಕೆ. ಅಲ್ಲಿಂದ ಇಳಿಬಿಟ್ಟ ತೊಟ್ಟಿಯೊಳಗೆ ನಿಂತು ಅವಳು ಭೂಮಿಗೆ ಬರುತ್ತಾಳೆ. ಸಭ್ಯ ಸಮಾಜಕ್ಕೆ ಅವಳು ಬ್ಯಾರನೆಸ್ ಟ್ರುವಾಮಾಂಡ್. ಬೇಕೆನಿಸಿದಾಗ ಗಂಡುಡುಗೆ ತೊಟ್ಟು ಕೌಂಟ್ ದ ಲಾ ಬ್ರೀವ್ ಆಗುವಳು. ಆ ವೇಷದಲ್ಲಿ, ತನ್ನನ್ನು ಹಿಡಿಯಲು ಹೊರಟಿರುವ ಪತ್ತೇದಾರ ಕುಟ್-ಹೆಂಡಿಯ ಸೋದರಿ ಲಿಯೊನೋರಾಳೊಡನೆ ಪ್ರಣಯಕ್ಕೂ ತೊಡಗುವಳು.

ಇಷ್ಟೇ ಆಗಿದ್ದರೆ ಇದು ಚಮತ್ಕಾರದ ಕಥೆಯಾಗಿ ಮುಗಿಯುತ್ತಿತ್ತು. ಫಿಲಿಬಸ್ ಪತ್ತೇದಾರನಿಗೆ ಮತ್ತು ಬರಿಸಿ, ಅವನ ಅಂಗೈಯ ಅಚ್ಚು ತೆಗೆದು, ಆ ಗುರುತನ್ನೇ ಮೂಡಿಸುವ ಕೈಗವಸನ್ನು ಮಾಡಿಸಿಕೊಳ್ಳುತ್ತಾಳೆ. ವಜ್ರದ ಕಣ್ಣುಗಳಿರುವ ಈಜಿಪ್ಟಿನ ಬೆಕ್ಕಿನ ವಿಗ್ರಹದ ಮೇಲೆ ಅವಳ ಕಣ್ಣು ಬೀಳುತ್ತದೆ. ಕಳ್ಳನ ಚಿತ್ರ ತೆಗೆಯಲೆಂದು ಪತ್ತೇದಾರ ಅದರಲ್ಲಿ ಅಡಗಿಸಿಟ್ಟ ಪುಟ್ಟ ಕ್ಯಾಮೆರಾ ಅವನ ವಿರುದ್ಧವೇ ಸಾಕ್ಷಿ ನುಡಿಯುತ್ತದೆ. ಪಾಪ, ನಿದ್ದೆಯಲ್ಲಿ ತಾನೇ ಎದ್ದು ಕದಿಯುತ್ತಿರುವೆನೇನೋ ಎಂದು ಅವನು ಅಂಜತೊಡಗುತ್ತಾನೆ!

‘ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು’ ಎಂಬುದು ನಮ್ಮ ಗಾದೆ. ಇಲ್ಲಿ ಪ್ರಮಾಣಗಳೇ ಕೆಟ್ಟಿವೆ. ಬೆರಳಚ್ಚು, ಛಾಯಾಚಿತ್ರ ಇವೆರಡೂ ಅಂದಿನ ಪೊಲೀಸರು ಹೊಸದಾಗಿ ನಂಬಿದ್ದ ಸಾಧನಗಳು. ಅವು ಒಂದಾಗಿ ಸುಳ್ಳಾಡಿದಾಗ ನಿರಪರಾಧಿಗೆ ತನ್ನ ಅಂತಃಸಾಕ್ಷಿಯಲ್ಲೂ ವಿಶ್ವಾಸ ಉಳಿಯದು. ವಜ್ರಗಳ ಕಳವಿಗಿಂತ ಈ ವಿಶ್ವಾಸದ ಕಳವು ಘೋರವಾದದ್ದು. ವಿನೋದದ ಚಿತ್ರವೊಂದು ಇಷ್ಟು ಗಂಭೀರವಾದ ಮಾತನ್ನು ಹಗುರಾಗಿ ಆಡಿಬಿಡುವುದು ಆಶ್ಚರ್ಯ.

ಈ ಚಿತ್ರದ ಪ್ರತಿ ಆಮ್‌ಸ್ಟರ್‌ಡ್ಯಾಮಿನ ಐ ಚಲನಚಿತ್ರ ಸಂಗ್ರಹಾಲಯದಲ್ಲಿ ಉಳಿದುಬಂದಿದೆ. ಆದರೆ ಮೂರು ವೇಷಗಳನ್ನು ಮೆರೆಸಿದ ನಟಿಗೆ ಕಾಲವೂ ಒಂದು ವೇಷ ತೊಡಿಸಿತ್ತು. ಆಕೆ ಕ್ರಿಸ್ತೀನಾ ರೂಸ್ಪೊಲಿ ಎಂದೇ ಬಹುಕಾಲ ಬರೆಯುತ್ತ ಬಂದರು. ಮುಂದೆ ಸಂಶೋಧಕರು ಪರಿಶೀಲಿಸಿ, ಆಕೆ ವಲೇರಿಯಾ ಕ್ರೇತಿ ಎಂದು ಕಂಡುಕೊಂಡರು. ಕಥೆಯ ಕೊನೆಯಲ್ಲಿ ಫಿಲಿಬಸ್ ಯಾರ ಕೈಗೂ ದಕ್ಕದೆ ವಾಯುನೌಕೆಯೇರಿ ಮರೆಯಾಗುತ್ತಾಳೆ. ಅವಳಿಗೆ ಜೀವ ತುಂಬಿದ ಕಲಾವಿದೆಗೆ ಮಾತ್ರ, ತಡವಾಗಿಯಾದರೂ, ತನ್ನ ಹೆಸರು ಮರಳಿ ದೊರೆತಿದೆ.