ಡಿಕ್ರಿ ಕೈಗೆ ಬಂದ ಮೇಲೆ

ವ್ಯಾಜ್ಯ ಗೆದ್ದ ಸದಸ್ಯರಲ್ಲಿ ಕೆಲವರು ತೀರ್ಪಿನ ನಕಲನ್ನು ಪೆಟ್ಟಿಗೆಯಲ್ಲಿಟ್ಟು ನಿಶ್ಚಿಂತರಾಗುವುದನ್ನು ನಾವು ಕಂಡಿದ್ದೇವೆ. ಆದರೆ ಡಿಕ್ರಿ ತಾನಾಗಿ ಜಾರಿಯಾಗುವುದಿಲ್ಲ. ಅಡಿಕೆ ಕೊಂಡ ವ್ಯಾಪಾರಿ ಬಾಕಿ ಕೊಡಬೇಕು, ಒತ್ತುವರಿ ಮಾಡಿದ ನೆರೆಯವನು ಜಾಗ ಬಿಡಬೇಕು ಎಂದು ಕೋರ್ಟು ಹೇಳಿದ ಮೇಲೂ ಆತ ಒಪ್ಪದಿದ್ದರೆ, ಮತ್ತೆ ಅಮಲ್ಜಾರಿ ಅರ್ಜಿ ಹಾಕಬೇಕು. ಈ ದೇಶದ ಕಕ್ಷಿದಾರನ ಕಷ್ಟ ಡಿಕ್ರಿ ಸಿಕ್ಕ ಮೇಲೆಯೇ ಆರಂಭವಾಗುತ್ತದೆಂದು ಲಂಡನ್ನಿನ ಪ್ರಿವಿ ಕೌನ್ಸಿಲು 1872ರಷ್ಟು ಹಿಂದೆಯೇ ಹೇಳಿತ್ತು.

ನಮ್ಮ ರಾಜ್ಯದ್ದೇ ಒಂದು ಮೊಕದ್ದಮೆಯನ್ನು ನೋಡಿ. ಬೆಂಗಳೂರಿನ ಮೈಸೂರು ರಸ್ತೆಯ ಜಮೀನಿನ ಸ್ವಾಧೀನಕ್ಕೆ 2006ರಲ್ಲಿ ಡಿಕ್ರಿಯಾಯಿತು. ತಕರಾರಿನ ಮೇಲೆ ತಕರಾರು ಬಂದು ಅದು ಸುಪ್ರೀಂ ಕೋರ್ಟಿನಲ್ಲಿ ಇತ್ಯರ್ಥವಾದದ್ದು 2021ರ ಏಪ್ರಿಲ್‌ನಲ್ಲಿ. ಅದೇ ತೀರ್ಪಿನಲ್ಲಿ ಕೋರ್ಟು ದೇಶದ ಎಲ್ಲ ಕೆಳ ನ್ಯಾಯಾಲಯಗಳಿಗೂ ಅಪ್ಪಣೆ ಮಾಡಿತು: ಅಮಲ್ಜಾರಿ ಅರ್ಜಿ ಆರು ತಿಂಗಳಲ್ಲಿ ಮುಗಿಯಬೇಕು, ತಡವಾದರೆ ಕಾರಣ ಬರೆದಿಡಬೇಕು.

ಅಪ್ಪಣೆಯಾದರೂ ಕಡತ ಕರಗಲಿಲ್ಲ. 2025ರ ಮಾರ್ಚ್‌ನಲ್ಲಿ ತಮಿಳುನಾಡಿನ 1986ರ ಡಿಕ್ರಿಯೊಂದು ಇನ್ನೂ ಜಾರಿಯಾಗದೆ ತನ್ನ ಮುಂದೆ ಬಂದಾಗ, ಸುಪ್ರೀಂ ಕೋರ್ಟು ಎಲ್ಲ ಹೈಕೋರ್ಟುಗಳಿಂದ ಲೆಕ್ಕ ಕೇಳಿತು. ಆರು ತಿಂಗಳಲ್ಲಿ 3,38,685 ಅರ್ಜಿಗಳು ತೀರ್ಮಾನವಾಗಿದ್ದವು. 8,82,578 ಇನ್ನೂ ಉಳಿದಿದ್ದವು. ಅಕ್ಟೋಬರ್‌ನಲ್ಲಿ ಈ ಲೆಕ್ಕ ನೋಡಿದ ಕೋರ್ಟು ತೀವ್ರ ನಿರಾಶೆ ವ್ಯಕ್ತಪಡಿಸಿತು. ಆ ದಿನಕ್ಕೆ ಕರ್ನಾಟಕದ ಅಂಕಿಸಂಖ್ಯೆಯೇ ತಲುಪಿರಲಿಲ್ಲವೆಂಬುದು ನಮಗೆ ಸಂಕೋಚದ ಸಂಗತಿ.

ಹಾಗಾದರೆ ಬೆಳೆಗಾರರು ಮಾಡಬಹುದಾದ್ದೇನು? ಅಮಲ್ಜಾರಿಯ ಕೆಲಸ ದಾವೆ ಹೂಡುವ ದಿನವೇ ಶುರುವಾಗುತ್ತದೆಂದು ನಮ್ಮ ಅಭಿಪ್ರಾಯ. ಮಲೆನಾಡಿನಲ್ಲಿ ಹಳ್ಳ, ಕಾಡು, ಏರಿ ಗಡಿಯಾಗಿರುವ ತೋಟಗಳೇ ಹೆಚ್ಚು. ಷೆಡ್ಯೂಲಿನಲ್ಲಿ ಸರ್ವೆ ನಂಬರು, ಚಕ್ಕುಬಂದಿ ತಪ್ಪಿದ್ದರೆ ಅಮೀನನು ಬಂದು ನಿಂತಾಗ "ಇದು ಆ ಜಾಗವಲ್ಲ" ಎಂಬ ತಕರಾರು ಏಳುವುದು ಖಂಡಿತ. ಅಳತೆ ಮಾಡಿಸಿ ನಕ್ಷೆಯನ್ನು ದಾವೆಯ ಜೊತೆಗೇ ಕೊಡಿ. ಬೇಕಿದ್ದರೆ ಆ ಹಂತದಲ್ಲೇ ಕಮಿಷನರನ್ನು ನೇಮಿಸಿ ಜಾಗವನ್ನು ಗುರುತಿಸಬಹುದೆಂದು 2021ರ ತೀರ್ಪೇ ಹೇಳಿದೆ. ಜಾಗದಲ್ಲಿ ಬೇರೆ ಯಾರಿಗಾದರೂ ಹಕ್ಕಿದೆಯೇ ಎಂಬುದನ್ನೂ ಆಗಲೇ ವಿಚಾರಿಸಬೇಕು. ಹಣದ ಡಿಕ್ರಿಯಾದರೆ, ಸಾಲಗಾರನು ತನ್ನ ಆಸ್ತಿಯ ವಿವರವನ್ನು ಪ್ರಮಾಣಪತ್ರದ ಮೂಲಕ ಕೊಡುವಂತೆ ಕೇಳುವ ಅವಕಾಶವಿದೆ.

ಎದುರಾಳಿ ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ, ತಡೆಯಾಜ್ಞೆ ಬೇಕು. ಸುಮ್ಮನೆ ಕಾದು ಕುಳಿತವರು ಇದನ್ನು ತಿಳಿಯದೆ ವರ್ಷಗಳನ್ನು ಕಳೆದುಕೊಳ್ಳುತ್ತಾರೆ.

ವಾಯಿದೆಯ ವಿಷಯವಂತೂ ಮರೆಯಬಾರದು. ಸಾಮಾನ್ಯ ಡಿಕ್ರಿಗೆ 12 ವರ್ಷ. ಆದರೆ ಬೇಲಿ ಕಿತ್ತು ದಾರಿ ಬಿಡಬೇಕೆಂಬಂಥ ಆಜ್ಞೆಗೆ ಇರುವುದು 3 ವರ್ಷ ಮಾತ್ರ. ಎರಡನ್ನೂ ಒಂದೇ ಎಂದು ಭಾವಿಸಿ ಗೆದ್ದ ದಾರಿಯನ್ನು ಕಳೆದುಕೊಳ್ಳುವುದು ಬಹಳ ಸುಲಭ.

ನಾವೇ ಸಾಲಗಾರರಾಗಿ ಜಪ್ತಿ ಬಂದರೂ ಕಾನೂನಿನಲ್ಲಿ ರಕ್ಷಣೆಯಿದೆ. ವ್ಯವಸಾಯವೇ ಜೀವನವಾದವರ ಹತಾರ, ಅಗತ್ಯವಾದ ದನ, ಬಿತ್ತನೆ ಬೀಜ, ವಾಸದ ಮನೆ ಇವನ್ನು ಹಣದ ಡಿಕ್ರಿಗೆ ಸಾಮಾನ್ಯವಾಗಿ ಜಪ್ತಿ ಮಾಡುವಂತಿಲ್ಲ. ಅಡವಿಟ್ಟ ಆಸ್ತಿಯ ಮಾತು ಬೇರೆ.