ನಗರದ ಕೋಟೆಯಲ್ಲಿ ಒಂದು ಚಳಿಜ್ವರ

ಹೊಸನಗರದಿಂದ ಕೊಲ್ಲೂರಿನ ಕಡೆಗೆ ಹೊರಟರೆ ನಗರದಲ್ಲಿ ರಸ್ತೆ ಬದಿಗೇ ಕೋಟೆ. ಮಳೆಗಾಲದಲ್ಲಿ ಗೋಡೆಯ ಕಲ್ಲಿಗೆಲ್ಲ ಹಾವಸೆ ಹಿಡಿದು, ಕಾಲಿಟ್ಟಲ್ಲಿ ಜಾರುತ್ತದೆ. ಒಳಗೆ ಅಕ್ಕ-ತಂಗಿ ಕೊಳ, ಮೇಲೆ ದರ್ಬಾರು ನಡೆಯುತ್ತಿದ್ದ ಜಗುಲಿ. ಅದಕ್ಕೀಗ ಕಂಬವೂ ಇಲ್ಲ, ಮಾಡೂ ಇಲ್ಲ.

1763ರಲ್ಲಿ ಹೈದರಾಲಿ ಬಂದಾಗ ಕೆಳದಿಯ ರಾಣಿ ವೀರಮ್ಮಾಜಿ ಅರಮನೆಗೆ ಬೆಂಕಿ ಇಡಲು ಹೇಳಿ ಬಲ್ಲಾಳರಾಯನ ದುರ್ಗಕ್ಕೆ ಹೋಗಿಯಾಗಿತ್ತು. ಅವನು ಮೊದಲು ಬೆಂಕಿ ಆರಿಸಿದ. ಆಮೇಲೆ, ಆಗ ಬಿದನೂರು ಎನಿಸಿಕೊಂಡಿದ್ದ ಈ ಊರನ್ನು ಹೈದರ್‌ನಗರ ಮಾಡಿದ. ಕೆಳದಿಯವರ ನಾಣ್ಯವಾದ ಇಕ್ಕೇರಿ ವರಹದ ಮೇಲಿನ ಶಿವ-ಪಾರ್ವತಿಯರನ್ನು ಹಾಗೇ ಉಳಿಸಿಕೊಂಡು, ಹಿಂದುಗಡೆ ತನ್ನ ಹೆಸರಿನ ಮೊದಲಕ್ಷರ ಒತ್ತಿಸಿದ. ಓದುಬರಹ ಬಾರದವನಿಗೆ ಬರೆಯಲು ಬರುತ್ತಿದ್ದುದೂ ಅದೊಂದೇ ಅಕ್ಷರವಂತೆ. ಸಾಗರದ, ತೀರ್ಥಹಳ್ಳಿಯ ಅಡಿಕೆ ವ್ಯಾಪಾರಿ ವರಹ ಎಣಿಸುವಾಗ ಯಾವ ಮಗ್ಗುಲು ನೋಡುತ್ತಿದ್ದನೋ! ಮೈಸೂರಲ್ಲೂ ಅದೇ ರೀತಿ: ಗದ್ದುಗೆಯ ಮೇಲೆ ಒಡೆಯರು, ಆಳ್ವಿಕೆ ಇವನದು. ಮುಖವಂತೂ ಯಾರಿಗೂ ಓದಲು ಸಿಗದಂಥದ್ದು. ಗಡ್ಡಮೀಸೆಯಷ್ಟೇ ಅಲ್ಲ, ಹುಬ್ಬು, ರೆಪ್ಪೆಗೂದಲನ್ನೂ ತೆಗೆಸಿಕೊಳ್ಳುತ್ತಿದ್ದ.

ಗೆದ್ದ ಹೊಸತರಲ್ಲೇ ಮಲೆನಾಡಿನ ಜ್ವರ ಹಿಡಿಯಿತು. ಅದೇ ಹೊತ್ತಿಗೆ ಅವನನ್ನು ಕೊಲ್ಲುವ ಸಂಚಿನ ಸುಳಿವು. ವಿಚಾರಣೆಗೆ ನೇಮಿಸಿದವರಲ್ಲೇ ಕೆಲವರು ಸಂಚುಗಾರರು. ಹೊದ್ದು ಮಲಗಿ ನಡುಗುತ್ತಲೇ ಅವರ ವರದಿ ಕೇಳಿದ ಹೈದರ್, ಸಾಕ್ಷಿಗಳನ್ನು ತಾನೇ ಪ್ರಶ್ನಿಸಿದ. ವರದಿ ತಂದವರನ್ನು ಕಣ್ಣೆದುರೇ ಕೊಲ್ಲಿಸಿದ. ಸಂಜೆಯೊಳಗೆ ಪಟ್ಟಣದ ಬೀದಿಗಳಲ್ಲಿ ಮುನ್ನೂರಕ್ಕೂ ಹೆಚ್ಚು ಜನ ನೇಣಿನಲ್ಲಿದ್ದರು. ಆ ರಾತ್ರಿ ನೆಮ್ಮದಿಯಾಗಿ ಮಲಗಿದ, ಬೆಳಿಗ್ಗೆ ಜ್ವರವೂ ಇಳಿಮುಖವಾಗಿತ್ತು ಎನ್ನುತ್ತಾನೆ ಮೈಸೂರಿನ ಇತಿಹಾಸ ಬರೆದ ಮಾರ್ಕ್ ವಿಲ್ಕ್ಸ್. ಕಂಪನಿಯ ರೆಸಿಡೆಂಟ್ ಆಗಿದ್ದವನು. ಲೆಕ್ಕದಲ್ಲಿ ಉಪ್ಪುಖಾರ ಸೇರಿಸಿರಬಹುದು. ಆದರೆ ಆ ಹೊದಿಕೆ, ಆ ನಡುಕ ಸುಳ್ಳೆನಿಸುವುದಿಲ್ಲ.

ನೆಮ್ಮದಿಯ ನಿದ್ದೆ ಬಹಳ ಕಾಲ ಬಾಳಲಿಲ್ಲ. ಅದೇ ವಿಲ್ಕ್ಸ್ ಇನ್ನೊಂದು ಕಡೆ ಹೇಳುತ್ತಾನೆ: ನಿದ್ದೆಯಲ್ಲಿ ಬೆಚ್ಚಿಬೀಳುವ ನವಾಬನನ್ನು ಒಡನಾಡಿ ಗುಲಾಮ್ ಅಲಿ ವಿಚಾರಿಸಿದನಂತೆ. ತನಗಿಂತ ಜೋಗಿಯೇ ಸುಖಿ, ಎಚ್ಚರದಲ್ಲಿ ಅವನಿಗೆ ಸಂಚುಗಾರರು ಕಾಣುವುದಿಲ್ಲ, ಕನಸಿನಲ್ಲಿ ಕೊಲೆಗಾರರು ಬರುವುದಿಲ್ಲ ಎಂಬರ್ಥದ ಉತ್ತರ ಬಂತು. ಆಪ್ತನೊಬ್ಬನಿಗೆ ಮಾತ್ರ ಹೇಳಿಕೊಂಡ ಮಾತು. ದರ್ಬಾರಿಗೆ ಅದರ ಗಂಧಗಾಳಿಯೂ ಇದ್ದಿರಲಾರದು.

1782ರ ಡಿಸೆಂಬರಿನಲ್ಲಿ ಚಿತ್ತೂರಿನ ಬಳಿಯ ಬಿಡಾರದಲ್ಲಿ ಹೈದರ್ ತೀರಿಕೊಂಡ. ಸುದ್ದಿ ತಿಳಿದರೆ ದಂಡು ಚದುರೀತೆಂದು ಹೆಣವನ್ನು ಸುಗಂಧದ್ರವ್ಯ ತುಂಬಿದ ಪೆಟ್ಟಿಗೆಯಲ್ಲಿಟ್ಟು, ಖಜಾನೆ ಸಾಗಿಸುವಂತೆ ಕಾವಲಿನೊಡನೆ ಕೋಲಾರಕ್ಕೆ ಕಳಿಸಿದರು. ಟಿಪ್ಪು ಮಲಬಾರಿನಿಂದ ಬಂದು ಸೇರುವ ತನಕ ಪಾಳೆಯದಲ್ಲಿ ಹೇಳುತ್ತಿದ್ದುದು ಇಷ್ಟೆ: ನವಾಬರಿಗೆ ತುಂಬ ನಿಶ್ಶಕ್ತಿ, ಆದರೆ ಇದ್ದಾರೆ.